ನೋಡಿದವರ ಪಾಲೆಷ್ಟು?

ಹಿಂಸೆಯನ್ನು ತಾನೇ ಮಾಡುವುದು, ಇತರರಿಂದ ಮಾಡಿಸುವುದು, ಮಾಡಿದ್ದನ್ನು ಅನುಮೋದಿಸುವುದು – ಈ ಮೂರರ ಭೇದವನ್ನು ವಾಚಕರು ಬಾಲ್ಯದಿಂದಲೇ ಕೇಳಿ ಬಲ್ಲರು. ಮೊದಲ ಎರಡನ್ನು ಗುರುತಿಸುವುದು ಸುಲಭ, ಮೂರನೆಯದು ಸೂಕ್ಷ್ಮವಾದುದು. ಕೈ ಎತ್ತದೆ, ಬಾಯಿ ತೆರೆಯದೆ, ಬರಿದೇ ನಿಂತು ನೋಡಿದವನಿಗೆ ಆ ಕೃತ್ಯದಲ್ಲಿ ಪಾಲುಂಟೆ? ಈ ಪ್ರಶ್ನೆಯನ್ನು ಪರೀಕ್ಷಿಸಲು ಫ್ರಾನ್ಸ್ ದೇಶದ ಮರಣದಂಡನೆಯ ಇತಿಹಾಸವು ಒಂದು ದೀರ್ಘ ನಿದರ್ಶನವನ್ನು ಒದಗಿಸುತ್ತದೆ. ಅಲ್ಲಿ 1939ರವರೆಗೂ ಶಿರಚ್ಛೇದವು ಜನರ ಕಣ್ಣೆದುರಿನಲ್ಲಿಯೇ ನಡೆಯುತ್ತಿತ್ತು.

ರಾಜರ ಕಾಲದಲ್ಲಿ ಸಾವಿನಲ್ಲಿಯೂ ಅಂತಸ್ತಿನ ಭೇದವಿತ್ತು. ಖಡ್ಗದಿಂದ ತಲೆ ಕಡಿಸಿಕೊಳ್ಳುವುದು ಕುಲೀನರಿಗೆ ಮೀಸಲಾದ ಗೌರವ. ಸಾಮಾನ್ಯರಿಗೆ ನೇಣುಗಂಬ, ಘೋರಾಪರಾಧಿಗಳಿಗೆ ಚಕ್ರಕ್ಕೆ ಕಟ್ಟಿ ಎಲುಬು ಮುರಿಯುವ ಶಿಕ್ಷೆ. ಹದಿನೈದನೆಯ ಲೂಯಿ ದೊರೆಯನ್ನು ಸಣ್ಣ ಚೂರಿಯಿಂದ ಇರಿದ ದಾಮಿಯೆಂ ಎಂಬವನನ್ನು 1757ರ ಮಾರ್ಚ್ 28ರಂದು ಪ್ಯಾರಿಸಿನ ಗ್ರೇವ್ ಚೌಕದಲ್ಲಿ ಇಕ್ಕುಳಗಳಿಂದ ಹಿಂಸಿಸಿ, ಕುದುರೆಗಳಿಂದ ಎಳೆಸಿ ಅಂಗಾಂಗಗಳನ್ನು ಬೇರ್ಪಡಿಸಿದರು. ದೊರೆಯ ಗಾಯವಾದರೋ ಅಲ್ಪವಾಗಿತ್ತು. ಚೌಕದ ಸುತ್ತಲಿನ ಮನೆಗಳ ಕಿಟಕಿಗಳು ಅಂದು ಬಾಡಿಗೆಗೆ ಹೋದವು. ಅಂಥದೊಂದು ಕಿಟಕಿಯಲ್ಲಿದ್ದ ಇಟಲಿಯ ಕಾಸನೋವಾ, ತಾನು ಮುಖ ತಿರುಗಿಸಿ ಕಿವಿ ಮುಚ್ಚಿಕೊಂಡರೂ ಜೊತೆಗಿದ್ದ ಸ್ತ್ರೀಯರು ಕದಲಲಿಲ್ಲವೆಂದು ತನ್ನ ಆತ್ಮವೃತ್ತಾಂತದಲ್ಲಿ ಬರೆದಿದ್ದಾನೆ. ಐದು ವರ್ಷಗಳ ಬಳಿಕ ತುಲೂಸ್ ನಗರದಲ್ಲಿ ಜಾನ್ ಕಲಾಸ್ ಎಂಬ ವೃದ್ಧ ವರ್ತಕನನ್ನು ಮಗನ ಕೊಲೆಯ ಆರೋಪದ ಮೇಲೆ ಚಕ್ರಕ್ಕೆ ಕಟ್ಟಿದರು. ವೋಲ್ಟೇರನ ಹೋರಾಟದ ಫಲವಾಗಿ 1765ರಲ್ಲಿ ಅವನು ನಿರ್ದೋಷಿಯೆಂದು ಘೋಷಿತನಾದನು. ಅಷ್ಟರಲ್ಲಿ ಅವನು ಸತ್ತು ಮೂರು ವರ್ಷವಾಗಿತ್ತು.

ಗಿಲೊಟಿನ್ ಯಂತ್ರ ಹುಟ್ಟಿದ್ದು ಕ್ರೌರ್ಯದಿಂದಲ್ಲ, ಕರುಣೆಯಿಂದ. ಎಲ್ಲರಿಗೂ ಸಮಾನವಾದ, ನೋವಿಲ್ಲದ ಮರಣವಿರಬೇಕೆಂದು 1789ರಲ್ಲಿ ವೈದ್ಯ ಗಿಲೊಟಿನ್ ರಾಷ್ಟ್ರೀಯ ಸಭೆಯ ಮುಂದೆ ವಾದಿಸಿದನು. ಶಸ್ತ್ರವೈದ್ಯ ಆಂತ್ವಾನ್ ಲೂಯಿ ಯಂತ್ರದ ಸ್ವರೂಪವನ್ನು ನಿರ್ಧರಿಸಿದನು; ಅದನ್ನು ಕಟ್ಟಿದ ಟೋಬಿಯಾಸ್ ಷ್ಮಿಟ್ ವೃತ್ತಿಯಿಂದ ಸಂಗೀತವಾದ್ಯಗಳನ್ನು ಮಾಡುವವನು! 1792ರ ಏಪ್ರಿಲ್ 25ರಂದು ದಾರಿಗಳ್ಳನೊಬ್ಬನ ಮೇಲೆ ಅದರ ಮೊದಲ ಪ್ರಯೋಗವಾಯಿತು. ನೋಡಲು ನೆರೆದವರಿಗೆ, ಎಲ್ಲವೂ ಬಹುಬೇಗ ಮುಗಿದುದರಿಂದ, ಅತೃಪ್ತಿಯಾಯಿತೆಂದು ಹೇಳುತ್ತಾರೆ.

ಆ ಶೀಘ್ರತೆಯೇ ಮುಂದೆ ವಿಪತ್ತಾಯಿತು. ಚಕ್ರದ ಮೇಲೆ ಒಬ್ಬನನ್ನು ಕೊಲ್ಲಲು ತಾಸುಗಟ್ಟಲೆ ಬೇಕಾಗುತ್ತಿತ್ತು. 1793ರ ಅಕ್ಟೋಬರ್ 31ರಂದು ಸುಮಾರು ಇಪ್ಪತ್ತು ಮಂದಿ ಜಿರೋಂದಿನ್ ಪಕ್ಷದ ಮುಖಂಡರ ತಲೆಗಳು ಮುಕ್ಕಾಲು ತಾಸಿನೊಳಗೆ ಉರುಳಿದವು. ಭಯೋತ್ಪಾತದ ಆ ಅವಧಿಯಲ್ಲಿ ದೇಶಾದ್ಯಂತ ತೀರ್ಪಿನ ಮೂಲಕ ಮರಣಕ್ಕೆ ಈಡಾದವರು ಸುಮಾರು 17,000. ಮರಣದಂಡನೆಯನ್ನೇ ರದ್ದುಪಡಿಸಬೇಕೆಂದು 1791ರಲ್ಲಿ ಭಾಷಣ ಮಾಡಿದ್ದ ರೋಬ್ಸ್‌ಪಿಯರ್ ಆ ಕಾಲದ ಸೂತ್ರಧಾರರಲ್ಲೊಬ್ಬನಾಗಿ, 1794ರ ಜುಲೈ 28ರಂದು ತಾನೂ ಅದೇ ಅಲಗಿನ ಕೆಳಗೆ ಮಲಗಿದನು.

ನೋಟಕನ ಅಂತರಂಗವನ್ನು ಶೋಧಿಸಿದವರು ಮಾತ್ರ ರಷ್ಯಾದ ಇಬ್ಬರು ಸಾಹಿತಿಗಳು. 1857ರಲ್ಲಿ ಪ್ಯಾರಿಸಿಗೆ ಬಂದ ತರುಣ ಟಾಲ್‌ಸ್ಟಾಯ್ ಶಿರಚ್ಛೇದವೊಂದನ್ನು ನೋಡಿದನು. ತಲೆ ದೇಹದಿಂದ ಬೇರ್ಪಟ್ಟ ಆ ಕ್ಷಣದಲ್ಲಿ, ಪ್ರಗತಿಯ ಯಾವ ಸಿದ್ಧಾಂತವೂ ಈ ಕೃತ್ಯವನ್ನು ಸಮರ್ಥಿಸಲಾರದೆಂಬುದನ್ನು ತಾನು ಬುದ್ಧಿಯಿಂದಲ್ಲ, ಸಮಸ್ತ ಅಸ್ತಿತ್ವದಿಂದ ಅರಿತೆನೆಂದು ಅನೇಕ ವರ್ಷಗಳ ನಂತರ ಬರೆದನು. ತುರ್ಗೆನೆವ್ 1870ರ ಜನವರಿಯಲ್ಲಿ ಟ್ರೋಪ್‌ಮನ್ ಎಂಬ ಕೊಲೆಗಾರನ ವಧೆಗೆ ಆಹ್ವಾನಿತನಾಗಿ ಹೋಗಿ ರಾತ್ರಿಯನ್ನು ರೋಕೆತ್ ಕಾರಾಗೃಹದಲ್ಲಿಯೇ ಕಳೆದನು. ಅಪರಾಧಿಯ ಕತ್ತಿನ ಕೂದಲನ್ನು ಕತ್ತರಿಸುವುದನ್ನೂ ಅಂಗಿಯ ಕೊರಳಪಟ್ಟಿಯನ್ನು ಕತ್ತರಿಸಿ ತೆಗೆಯುವುದನ್ನೂ ಕಂಡನು; ಅಲಗು ಇಳಿಯುವ ಗಳಿಗೆಯಲ್ಲಿ ಮುಖ ತಿರುಗಿಸಿಕೊಂಡನು. ಇದನ್ನು ಅವನೇ ಬರೆದಿದ್ದಾನೆ. ಅದನ್ನೋದಿದ ದೊಸ್ತೊಯೆವ್‌ಸ್ಕಿ ಕುಪಿತನಾದನು: ಭೂಮಿಯ ಮೇಲೆ ನಡೆಯುವುದರಿಂದ ಮುಖ ತಿರುಗಿಸಲು ಮನುಷ್ಯನಿಗೆ ಅಧಿಕಾರವಿಲ್ಲವೆಂಬುದು ಅವನ ಆಕ್ಷೇಪ. ತಾರುಣ್ಯದಲ್ಲಿ ಸ್ವತಃ ಮರಣದಂಡನೆಗೆ ಗುರಿಯಾಗಿ, ಕೊನೆಯ ಗಳಿಗೆಯಲ್ಲಿ ಉಳಿದವನ ಮಾತಿದು. ಇದನ್ನು ಹಗುರವಾಗಿ ತಳ್ಳಿಹಾಕಲಾಗದು. ಆದರೂ ತುರ್ಗೆನೆವನ ಪಕ್ಷದಲ್ಲಿ ಒಂದು ಮಾತುಂಟು. ಮುಖ ತಿರುಗಿಸಿದ ಮಾತ್ರಕ್ಕೆ ತಾನು ಬಿಡುಗಡೆಯಾದೆನೆಂದು ಅವನು ಭಾವಿಸಲಿಲ್ಲ. ಅಲ್ಲಿಗೆ ಹೋದದ್ದೇ ತನ್ನ ತಪ್ಪೆಂದು ಅರಿತನು.

ಸರಕಾರಕ್ಕಾದರೋ ಈ ವಿವೇಕ ಬೇರೆ ರೂಪದಲ್ಲಿ ಬಂದಿತು. 1939ರ ಜೂನ್ 17ರಂದು ವರ್ಸೇಲ್ಸ್ ನಗರದ ಸೆರೆಮನೆಯ ಮುಂದೆ ವೈಡ್‌ಮನ್ ಎಂಬವನ ವಧೆ ವಿಳಂಬವಾಗಿ ಬೆಳಗಿನ ಬೆಳಕಿನಲ್ಲಿ ನಡೆಯಿತು. ಛಾಯಾಚಿತ್ರಗಳೂ ಚಲನಚಿತ್ರವೂ ತೆಗೆಯಲ್ಪಟ್ಟವು. ಜನರ ವರ್ತನೆಯಿಂದ ನಾಚಿದ ಸರಕಾರ ಒಂದು ವಾರದಲ್ಲಿಯೇ ಬಹಿರಂಗ ವಧೆಯನ್ನು ನಿಷೇಧಿಸಿತು. ನಿಂತದ್ದು ನೋಟವೇ ಹೊರತು ವಧೆಯಲ್ಲ.

ಈ ಮರೆಮಾಚುವಿಕೆಯನ್ನೇ 1957ರಲ್ಲಿ ಆಲ್ಬರ್ಟ್ ಕಮೂ ಪ್ರಶ್ನಿಸಿದನು. ಶಿಕ್ಷೆ ಇತರರಿಗೆ ಪಾಠವಾಗಬೇಕೆನ್ನುವುದು ನಿಜವಾದರೆ ಅದನ್ನೇಕೆ ಗೋಡೆಗಳ ಹಿಂದೆ ಬಚ್ಚಿಡಬೇಕು? ಅವನ ತಂದೆ, ಒಂದು ರೈತ ಕುಟುಂಬವನ್ನು ಕೊಂದವನಿಗೆ ಈ ಶಿಕ್ಷೆ ಯೋಗ್ಯವೆಂದೇ ನಂಬಿ ಆಲ್ಜೀರ್ಸಿನಲ್ಲಿ ವಧೆ ನೋಡಲು ಹೋಗಿದ್ದನು. ಮರಳಿ ಬಂದವನು ಮಾತಾಡದೆ ಹಾಸಿಗೆಯ ಮೇಲೆ ಮಲಗಿ ವಾಂತಿ ಮಾಡಿಕೊಂಡನು. ಆ ದಿನ ಅವನ ಅನುಮೋದನೆ ಕಣ್ಣಿನ ಮುಂದೆ ನಿಲ್ಲಲಿಲ್ಲ.

ಸೆರೆಮನೆಯ ಅಂಗಳದೊಳಗಿನ ಶಿರಚ್ಛೇದ 1977ರ ಸೆಪ್ಟೆಂಬರ್ 10ರವರೆಗೂ, ಬೆರಳೆಣಿಕೆಯ ಅಧಿಕಾರಿಗಳ ಸಮ್ಮುಖದಲ್ಲಿ ಮುಂದುವರಿಯಿತು. 1972ರಲ್ಲಿ ಸ್ವಹಸ್ತದಿಂದ ಯಾರನ್ನೂ ಕೊಲ್ಲದಿದ್ದ ತನ್ನ ಕಕ್ಷಿದಾರ ಬೊಂತಾಂ ಎಂಬವನ ಕೊನೆಯ ಗಳಿಗೆಯಲ್ಲಿ ಜೊತೆಗಿದ್ದ ವಕೀಲ ರೋಬೇರ್ ಬಾದೆಂತೇರ್, ಮುಂದೆ ನ್ಯಾಯಮಂತ್ರಿಯಾಗಿ 1981ರಲ್ಲಿ ಮರಣದಂಡನೆಯ ರದ್ದತಿಯನ್ನು ಸಂಸತ್ತಿನಲ್ಲಿ ಮಂಡಿಸಿದರು. ಕೆಳಮನೆಯಲ್ಲಿ ಪರವಾಗಿ 363, ವಿರೋಧವಾಗಿ 117 ಮತಗಳು ಬಂದವು. ಅದೇ ಸಮಯದ ಜನಾಭಿಪ್ರಾಯ ಸಂಗ್ರಹದಲ್ಲಿ ಫ್ರಾನ್ಸಿನ ಬಹುಸಂಖ್ಯಾತರು ಮರಣದಂಡನೆ ಇರಬೇಕೆಂದೇ ಹೇಳಿದ್ದರು. ಬಹಿರಂಗ ವಧೆ ನಿಂತು ಆಗ ನಲವತ್ತೆರಡು ವರ್ಷಗಳಾಗಿದ್ದವು.