ಅಣ್ಣ, ಆಗಾ, ಬಹದ್ದೂರ: ಗೌರವ ಎಂಬ ತತ್ತ್ವ

ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಕಡೆ ಮಾತು ಶುರುವಾಗುವುದೇ ಸಂಬೋಧನೆಯಿಂದ. ಗುರುತಿಲ್ಲದವರನ್ನೂ ‘ಯಣ್ಣಾ’, ‘ಕಾಕಾ’, ‘ಯವ್ವಾ’ ಎಂದು ಕರೆದು ಮಾತಿನ ಕೊನೆಗೊಂದು ‘ರೀ’ ಸೇರಿಸುತ್ತಾರೆ. ಮಠದ ಸ್ವಾಮಿಗಳು ‘ಅಜ್ಜಾರು’, ದೊಡ್ಡ ಹೊಲದವರು ‘ಗೌಡ್ರು’, ಪೇಟೆಯ ವ್ಯಾಪಾರಿ ‘ಸಾವಕಾರ್ರು’, ಕಚೇರಿಯ ಅಧಿಕಾರಿ ‘ಸಾಹೇಬ್ರು’. ಇದೇ ಊರುಗಳಲ್ಲಿ ಎಪ್ಪತ್ತು ದಾಟಿದ ಕೂಲಿಯಾಳನ್ನು ಹೊಲದೊಡೆಯರ ಮನೆಯ ಹುಡುಗ ‘ಏ, ಬಾ ಇಲ್ಲೆ’ ಎಂದು ಕರೆಯುವುದೂ ಉಂಟು. ಮುದುಕ ಅದಕ್ಕೆ ‘ಬಂದೆನ್ರೀ’ ಎಂದೇ ಓಗೊಡುತ್ತಾನೆ. ಅಷ್ಟೊಂದು ಮರ್ಯಾದೆಯ ಮಾತುಗಳಿರುವ ನುಡಿಯಲ್ಲಿ ಅವನ ಪಾಲಿಗೆ ಒಂದೂ ಉಳಿಯಲಿಲ್ಲ.

ಗೌರವ ಎಂದರೇನು, ಅದು ಯಾರಿಗೆ ಸಲ್ಲಬೇಕು? ತತ್ತ್ವಶಾಸ್ತ್ರ ಬಹಳ ಕಾಲದಿಂದ ಕೇಳುತ್ತ ಬಂದಿರುವ ಈ ಪ್ರಶ್ನೆಯನ್ನು ಬಿಡಿಸಿಕೊಳ್ಳಲು ತುರ್ಕಿ ಬಿರುದುಗಳ ಕಥೆ ಒಳ್ಳೆಯ ದಾರಿ. ಆ ಬಿರುದುಗಳು ವಿಜಯಪುರ ಜಿಲ್ಲೆಗೆ ಹೊಸವೂ ಅಲ್ಲ, ಹೊರಗಿನವೂ ಅಲ್ಲ.

ಬಿರುದು ಬಂದ ಬಗೆ

1490ರ ಸುಮಾರಿಗೆ ಬಿಜಾಪುರದಲ್ಲಿ, ಅಂದರೆ ಇಂದಿನ ವಿಜಯಪುರದಲ್ಲಿ, ಸ್ವತಂತ್ರ ಆಳ್ವಿಕೆ ಕಟ್ಟಿದವರು ಯೂಸುಫ್ ಆದಿಲ್ ಖಾನ್. ಅವರು ಆಟೊಮನ್ ಸುಲ್ತಾನರ ಮಗ ಎಂದು ಬಿಜಾಪುರದ ಆಸ್ಥಾನದಲ್ಲಿದ್ದ ಇತಿಹಾಸಕಾರ ಫೆರಿಸ್ತಾ ಬರೆದರು. ಇಂದಿನ ಇತಿಹಾಸಕಾರರು ಈ ಕಥೆಯನ್ನು ಸುಲಭಕ್ಕೆ ನಂಬುವುದಿಲ್ಲ. ಆದರೆ ‘ಖಾನ್’ ಎಂಬುದು ಮಧ್ಯ ಏಷ್ಯಾದ ತುರ್ಕಿ-ಮಂಗೋಲ ಬುಡಕಟ್ಟುಗಳ ನಾಯಕರ ಬಿರುದು ಎಂಬುದರಲ್ಲಿ ಸಂಶಯವಿಲ್ಲ. ಗೋವೆಯಲ್ಲಿ ಇವರೊಡನೆ ಕಾದಿದ ಪೋರ್ಚುಗೀಸರ ಬಾಯಲ್ಲಿ ‘ಆದಿಲ್ ಖಾನ್’ ಎಂಬುದು ‘ಇದಲ್ಕಾವ್’ ಆಯಿತು. ವಂಶದ ಮುಂದಿನ ಅರಸರು ಖಾನ್ ಸಾಲದೆ ‘ಶಾಹ’ ಎಂದು ಕರೆಸಿಕೊಂಡರು. ವಿಜಯಪುರದ ಬೇಗಂ ತಾಲಾಬಿನ ಹೆಸರಿನಲ್ಲಿರುವ ‘ಬೇಗಂ’ ಕೂಡ ತುರ್ಕಿಯ ‘ಬೇಗ್’ ಎಂಬ ನಾಯಕ ಪದವಿಯಿಂದ ಬಂದದ್ದು. ಆ ಬೇಗ್ ಇಂದಿನ ಟರ್ಕಿಯಲ್ಲಿ ‘ಬೇ’ ಆಗಿ ಉಳಿದಿದೆ. ನಮ್ಮ ಹಳ್ಳಿಗರು ಹುರುಪಿನಿಂದ ಹೇಳುವ ‘ಭಲೇ ಬಹದ್ದೂರ’ದ ಬಹದ್ದೂರ ಕೂಡ ಮಧ್ಯ ಏಷ್ಯಾದ ಆ ಬುಡಕಟ್ಟುಗಳ ವೀರರ ಬಿರುದೇ.

ಇವೆಲ್ಲಕ್ಕಿಂತ ನಮಗೆ ಹತ್ತಿರವಾದದ್ದು ‘ಆಗಾ’. ತುರ್ಕಿ ಮತ್ತು ಮಂಗೋಲ ನುಡಿಗಳಲ್ಲಿ ಅದು ಹಿರಿಯ ಅಣ್ಣನನ್ನು ಕರೆಯುವ ಮಾತು. ಆಟೊಮನ್ನರ ಕಾಲಕ್ಕೆ ಅದು ಸೇನಾಧಿಪತಿಯ ಪದವಿಯಾಯಿತು, ಅರಮನೆಯ ಅಧಿಕಾರಿಯ ಪದವಿಯಾಯಿತು. ಟರ್ಕಿಯ ಹಳ್ಳಿಗಳಲ್ಲಿ ನೂರಾರು ಎಕರೆಯ ಜಮೀನುದಾರನೇ ಆಗಾ. ಮನೆಯೊಳಗೆ ಹುಟ್ಟಿದ ಪ್ರೀತಿಯ ಮಾತು ಬೀದಿಗೆ ಬಂದು ಅಧಿಕಾರದ ಮಾತಾಯಿತು. ಬಾಗೇವಾಡಿಯಲ್ಲಿ ಹುಟ್ಟಿದ ಬಸವಣ್ಣನವರಿಗೂ ಜನ ಕೊಟ್ಟದ್ದು ಅಣ್ಣನ ಪಟ್ಟವನ್ನೇ. ದೊರೆ ಬಿಜ್ಜಳನ ಮಂತ್ರಿಯಾಗಿದ್ದವರಿಗೆ ಪದವಿಗಳೇನೂ ಕಡಿಮೆ ಇರಲಿಲ್ಲ. ಆದರೆ ಎಲ್ಲರಿಗಿಂತ ಸಣ್ಣವನು ತಾನೇ ಎಂದು ಬಗೆದವರನ್ನು ಜನ ಅಣ್ಣನೆಂದರು. ಹೀಗೆ ಒಂದೇ ರಕ್ತಸಂಬಂಧದ ಮಾತು ಒಂದು ಕಡೆ ಒಡೆತನಕ್ಕೆ, ಇನ್ನೊಂದು ಕಡೆ ಒಡನಾಟಕ್ಕೆ ಹೆಸರಾಯಿತು.

ಮೆಚ್ಚುಗೆ ಮತ್ತು ಮನ್ನಣೆ

ಅಮೆರಿಕದ ತತ್ತ್ವಜ್ಞ ಸ್ಟೀಫನ್ ಡಾರ್ವಾಲ್ 1977ರಲ್ಲಿ ಬರೆದ ಒಂದು ಪ್ರಸಿದ್ಧ ಲೇಖನದಲ್ಲಿ ಗೌರವವನ್ನು ಎರಡಾಗಿ ವಿಂಗಡಿಸಿದರು. ಅವನ್ನು ನಾವು ಮೆಚ್ಚುಗೆಯ ಗೌರವ, ಮನ್ನಣೆಯ ಗೌರವ ಎಂದು ಕರೆಯಬಹುದು.

ಮೆಚ್ಚುಗೆಯ ಗೌರವ ಗಳಿಸಿಕೊಳ್ಳುವಂಥದ್ದು. ಸಿಂದಗಿ ತಾಲ್ಲೂಕಿನ ಗುಬ್ಬೇವಾಡದಲ್ಲಿ ಹುಟ್ಟಿದ ಎಂ.ಎಂ. ಕಲಬುರ್ಗಿಯವರನ್ನು ನಾವು ಗೌರವಿಸುವುದು ಶಾಸನ ಮತ್ತು ವಚನಗಳ ಅಧ್ಯಯನದಲ್ಲಿ ಅವರು ಮಾಡಿದ ಕೆಲಸಕ್ಕಾಗಿ. ಈ ಗೌರವದಲ್ಲಿ ಹೆಚ್ಚು ಕಡಿಮೆ ಉಂಟು. ಒಳ್ಳೆಯ ಕೆಲಸಗಾರನಿಗೆ ಹೆಚ್ಚು, ಮೈಗಳ್ಳನಿಗೆ ಕಡಿಮೆ. ಅದರಲ್ಲಿ ಅನ್ಯಾಯವೇನೂ ಇಲ್ಲ.

ಮನ್ನಣೆಯ ಗೌರವ ಹಾಗಲ್ಲ. ಎದುರಿಗಿರುವವರು ಮನುಷ್ಯರು, ಅವರಿಗೂ ಮನಸ್ಸಿದೆ, ಅವರ ಮಾತಿಗೂ ತೂಕವಿದೆ ಎಂದು ಒಪ್ಪಿ ಅದಕ್ಕೆ ತಕ್ಕಂತೆ ನಡೆದುಕೊಳ್ಳುವುದು ಮನ್ನಣೆ. ಅದನ್ನು ಯಾರೂ ಗಳಿಸಬೇಕಾಗಿಲ್ಲ. ಜರ್ಮನ್ ತತ್ತ್ವಜ್ಞ ಇಮ್ಯಾನುಯೆಲ್ ಕಾಂಟ್ 1785ರಲ್ಲೇ ಇದರ ಬುನಾದಿ ಹಾಕಿದ್ದರು. ಲೋಕದ ವಸ್ತುಗಳಿಗೆ ಬೆಲೆಯಿದೆ, ಒಂದರ ಬದಲು ಇನ್ನೊಂದನ್ನು ಕೊಳ್ಳಬಹುದು. ಮನುಷ್ಯನಿಗಿರುವುದು ಬೆಲೆಯಲ್ಲ, ಘನತೆ. ಅದಕ್ಕೆ ಬದಲಿಲ್ಲ, ಆದ್ದರಿಂದ ಅದನ್ನು ತೂಗಿ ಹಂಚುವಂತಿಲ್ಲ ಎಂಬುದು ಕಾಂಟ್ ಅವರ ವಾದದ ತಿರುಳು.

ಹಳೆಯ ಬಿರುದುಗಳು ಈ ಎರಡೂ ಲೆಕ್ಕಕ್ಕೆ ಬರುವುದಿಲ್ಲ. ಖಾನರ ಮಗ, ದೇಸಾಯರ ಮಗ, ಗೌಡರ ಮಗ ಏನನ್ನೂ ಸಾಧಿಸದಿದ್ದರೂ ಬಿರುದು ಅವನ ಬೆನ್ನಿಗಿರುತ್ತದೆ. ಆದ್ದರಿಂದ ಅದು ಮೆಚ್ಚುಗೆಯಲ್ಲ. ಎಲ್ಲರಿಗೂ ಸಿಗುವುದಿಲ್ಲವಾದ್ದರಿಂದ ಮನ್ನಣೆಯೂ ಅಲ್ಲ. ಅದು ಅಂತಸ್ತಿನ ಗೌರವ. ಒಬ್ಬನು ಏರಬೇಕಾದರೆ ಇನ್ನೊಬ್ಬನು ಇಳಿದಿರಲೇಬೇಕು ಎಂಬುದು ಅದರ ನಿಯಮ. ನಮ್ಮ ಗೊಂದಲದ ಬೇರು ಇಲ್ಲಿದೆ: ಎಲ್ಲರಿಗೂ ಸಲ್ಲಬೇಕಾದ ಮನ್ನಣೆಯನ್ನು ಅಂತಸ್ತಿನ ಮಾತುಗಳಲ್ಲಿ ಅಳೆದು ಕೊಡುತ್ತ ಬಂದಿದ್ದೇವೆ.

ನೀ ಮತ್ತು ನೀವು

ಈ ಅಳತೆ ಭಾಷೆಯಲ್ಲಿ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ರೋಜರ್ ಬ್ರೌನ್ ಮತ್ತು ಆಲ್ಬರ್ಟ್ ಗಿಲ್ಮನ್ 1960ರಲ್ಲಿ ಯುರೋಪಿನ ಭಾಷೆಗಳನ್ನಿಟ್ಟುಕೊಂಡು ವಿವರಿಸಿದರು. ತುರ್ಕಿಯ ‘ಸೆನ್’ ಮತ್ತು ‘ಸಿಜ಼್’, ನಮ್ಮ ‘ನೀ’ ಮತ್ತು ‘ನೀವು’ ಅದೇ ಜಾಯಮಾನದವು. ಇಬ್ಬರೂ ಪರಸ್ಪರ ‘ನೀ’ ಎಂದರೆ ಅದು ಸಲಿಗೆ. ಇಬ್ಬರೂ ‘ನೀವು’ ಎಂದರೆ ಅದು ಮರ್ಯಾದೆ. ಒಬ್ಬರು ‘ನೀ’ ಎಂದು ಇನ್ನೊಬ್ಬರು ‘ನೀವು’ ಎನ್ನಲೇಬೇಕಾದಾಗ ಅದು ಅಧಿಕಾರ. ಏಕವಚನವೇ ಅವಮಾನವಲ್ಲ. ತಾಯಿಗೆ, ಗೆಳೆಯನಿಗೆ, ದೇವರಿಗೆ ನಾವು ಏಕವಚನವನ್ನೇ ಬಳಸುತ್ತೇವೆ. ಮಾತು ಮರಳಿ ಬರದಿರುವುದು ಅವಮಾನ. ಗಂಡನಿಗೆ ‘ರೀ’ ಎನ್ನುವ ಹೆಂಡತಿಗೆ ‘ಏ’ ಅಥವಾ ‘ಲೇ’ ಸಿಕ್ಕರೆ ಅಲ್ಲಿಯೂ ನಡೆಯುತ್ತಿರುವುದು ಇದೇ ಲೆಕ್ಕ.

ಅಂತಸ್ತಿನ ಮಾತು ಸವೆಯುವುದೂ ಬೇಗ. ಟರ್ಕಿಯ ‘ಎಫೆಂದಿ’ ಗ್ರೀಕ್ ಮೂಲದಿಂದ ಬಂದು ವಿದ್ಯಾವಂತರ, ಅಧಿಕಾರಿಗಳ ಬಿರುದಾಗಿ ಮೆರೆಯಿತು. ಇಪ್ಪತ್ತನೆಯ ಶತಮಾನದಲ್ಲಿ ಕಟ್ಟಡದ ಯಜಮಾನರು ‘ಬೇ’ ಆಗಿ, ಬಾಗಿಲು ಕಾಯುವವರು ‘ಎಫೆಂದಿ’ ಆದರು. ನಮ್ಮ ಕಡೆಯ ಉದಾಹರಣೆ ಇನ್ನೂ ಕಟುವಾದದ್ದು. ಪರ್ಶಿಯನ್‌ನಲ್ಲಿ ‘ಮೆಹ್ತರ್’ ಎಂದರೆ ಹಿರಿಯ, ಪ್ರಭು. ಇಂದಿನ ಪಾಕಿಸ್ತಾನದಲ್ಲಿರುವ ಚಿತ್ರಾಲದ ಅರಸರ ಬಿರುದೇ ಅದಾಗಿತ್ತು. ಭಾರತದಲ್ಲಿ ಅದನ್ನು ಕಸ ಗುಡಿಸುವವರಿಗೆ ಅಂಟಿಸಲಾಯಿತು. ಬಿರುದು ಕೊಟ್ಟು ಬದುಕನ್ನು ಬದಲಿಸದಿದ್ದರೆ ಕೊನೆಗೆ ಬಿರುದೇ ಬೈಗುಳವಾಗುತ್ತದೆ.

ಅಳಿಸುವ ದಾರಿ, ಹಂಚುವ ದಾರಿ

ಅಂತಸ್ತಿನ ಗೌರವವನ್ನು ಸರಿಪಡಿಸಲು ಇತಿಹಾಸದಲ್ಲಿ ಎರಡು ದಾರಿಗಳು ಕಾಣುತ್ತವೆ. ಮೊದಲನೆಯದು ಬಿರುದುಗಳನ್ನು ಅಳಿಸುವುದು. 1934ರ ನವೆಂಬರ್ 26ರಂದು ಟರ್ಕಿ ಗಣರಾಜ್ಯ ಕಾನೂನು ಮಾಡಿ ಆಗಾ, ಎಫೆಂದಿ, ಬೇ, ಪಾಶಾ, ಹಾನುಮ್, ಹೋಜಾ, ಮುಲ್ಲಾ ಮುಂತಾದ ಬಿರುದುಗಳನ್ನೆಲ್ಲ ರದ್ದು ಮಾಡಿತು. ಕಾನೂನಿನ ಮುಂದೆ, ಸರ್ಕಾರಿ ಕಾಗದದಲ್ಲಿ ಪ್ರಜೆಗಳಿಗೆ ಹೆಸರಷ್ಟೇ ಸಾಕು ಎಂದಿತು. ಎರಡು ದಿನ ಮೊದಲು ಮುಸ್ತಫಾ ಕೆಮಾಲ್ ಪಾಶಾ ಅವರಿಗೆ ಸಂಸತ್ತು ‘ಅತಾತುರ್ಕ್’ ಎಂಬ ಮನೆಹೆಸರು ಕೊಟ್ಟಿತ್ತು. ಅದರ ಅರ್ಥವೇ ತುರ್ಕರ ತಂದೆ. ಅಂದರೆ ಪಾಶಾ ಹೋಗಿ ಅಪ್ಪ ಬಂದ. ಜನರೂ ಕಾನೂನಿಗೆ ಪೂರ್ತಿ ಮಣಿಯಲಿಲ್ಲ. ಟರ್ಕಿಯಲ್ಲಿ ಇಂದಿಗೂ ಗಂಡಸರ ಹೆಸರಿನ ಕೊನೆಗೆ ‘ಬೇ’, ಹೆಂಗಸರ ಹೆಸರಿನ ಕೊನೆಗೆ ‘ಹಾನುಮ್’ ಸೇರಿಸಿ ಕರೆಯುತ್ತಾರೆ. ಆದರೆ ಈಗ ಅವು ಎಲ್ಲರಿಗೂ ಸಲ್ಲುವ ಮಾತುಗಳು, ಹುಟ್ಟಿನ ಗುರುತಲ್ಲ.

ನಮ್ಮ ಸಂವಿಧಾನದ 18ನೆಯ ವಿಧಿಯೂ ಇದೇ ದಾರಿ ಹಿಡಿಯಿತು. ಸೇನೆಯ ಮತ್ತು ವಿದ್ಯೆಯ ಗೌರವಗಳನ್ನು ಬಿಟ್ಟರೆ ಸರ್ಕಾರ ಯಾರಿಗೂ ಬಿರುದು ಕೊಡುವಂತಿಲ್ಲ. ಪದ್ಮ ಪ್ರಶಸ್ತಿಗಳು ಬಿರುದುಗಳಲ್ಲ, ಹೆಸರಿನ ಹಿಂದೆ ಮುಂದೆ ಅವನ್ನು ಬಳಸಬಾರದು ಎಂದು ಸುಪ್ರೀಂ ಕೋರ್ಟ್ 1995ರಲ್ಲಿ ಹೇಳಿತು. ಬ್ರಿಟಿಷರು ಕೊಟ್ಟ ಬಿರುದುಗಳ ಗತಿಯನ್ನು ವಿಜಯಪುರ ಕಣ್ಣಾರೆ ಕಂಡಿದೆ. 1923ರಲ್ಲಿ ‘ವಚನಶಾಸ್ತ್ರ ಸಾರ’ ಪ್ರಕಟಿಸಿದ ಫ.ಗು. ಹಳಕಟ್ಟಿಯವರಿಗೆ ಸರ್ಕಾರ ‘ರಾವ್ ಬಹದ್ದೂರ್’ ಎಂಬ ಅರ್ಧ ತುರ್ಕಿ ಬಿರುದು ಕೊಟ್ಟಿತು. ಜನ ಅದನ್ನು ಹೆಚ್ಚಾಗಿ ನೆನೆಯುವುದಿಲ್ಲ. ತಾವೇ ಕೊಟ್ಟ ‘ವಚನ ಪಿತಾಮಹ’ ಎಂಬುದನ್ನು ಮರೆಯುವುದೂ ಇಲ್ಲ. ಆದಿಲ್‌ಶಾಹಿ ದೊರೆ ಎರಡನೆಯ ಇಬ್ರಾಹಿಂ ಅವರಿಗೆ ಸಂಗೀತ, ಸಾಹಿತ್ಯಗಳ ಒಲವಿನ ಕಾರಣಕ್ಕೆ ‘ಜಗದ್ಗುರು ಬಾದಶಹಾ’ ಎಂಬ ಹೆಸರು ನಿಂತದ್ದೂ ಇಂಥ ಮೆಚ್ಚುಗೆಯಿಂದಲೇ. ಇನ್ನು ವಿಜಯಪುರದ ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಸ್ವಾಮೀಜಿಯವರು 2018ರಲ್ಲಿ ಪದ್ಮಶ್ರೀಯನ್ನೇ ನಯವಾಗಿ ಬೇಡವೆಂದರು. 2023ರ ಜನವರಿ 2ರಂದು ಅವರು ತೀರಿಕೊಂಡಾಗ ಸೇರಿದ ಲಕ್ಷಾಂತರ ಜನ ಪ್ರಶಸ್ತಿ ಪಟ್ಟಿ ನೋಡಿ ಬಂದವರಲ್ಲ.

ಎರಡನೆಯ ದಾರಿ ಬಿರುದನ್ನು ಎಲ್ಲರಿಗೂ ಹಂಚುವುದು. ಕಾನೂನಿನ ತತ್ತ್ವಜ್ಞ ಜೆರೆಮಿ ವಾಲ್ಡ್ರನ್ 2009ರ ಉಪನ್ಯಾಸಗಳಲ್ಲಿ ಮನುಷ್ಯ ಘನತೆಯನ್ನು ಹೀಗೆ ವಿವರಿಸಿದರು: ಘನತೆ ಎಂಬುದು ಅಂತಸ್ತನ್ನು ಕೆಡವಿದ್ದರಿಂದ ಬಂದದ್ದಲ್ಲ, ಹಿಂದೆ ಕುಲೀನರಿಗಷ್ಟೇ ಇದ್ದ ಅಂತಸ್ತಿಗೆ ಪ್ರತಿಯೊಬ್ಬರನ್ನೂ ಏರಿಸಿದ್ದರಿಂದ ಬಂದದ್ದು. ಈ ಮಾತು ಕನ್ನಡಿಗರಿಗೆ ಹೊಸದೆನಿಸಬಾರದು. ಹನ್ನೆರಡನೆಯ ಶತಮಾನದ ಕಲ್ಯಾಣದ ಶರಣರ ಬಳಗದಲ್ಲಿ ಬಟ್ಟೆ ಒಗೆಯುವವರು ಮಾಚಯ್ಯ, ದೋಣಿ ನಡೆಸುವವರು ಚೌಡಯ್ಯ, ಚರ್ಮದ ಕೆಲಸದವರು ಹರಳಯ್ಯ, ಅಕ್ಕಿ ಆಯುವವರು ಲಕ್ಕಮ್ಮ, ಕಸ ಗುಡಿಸುವವರು ಸತ್ಯಕ್ಕ. ಒಡೆಯರಿಗೆ ಮೀಸಲಾಗಿದ್ದ ‘ಅಯ್ಯ’, ಅದರ ಜೊತೆಗೆ ‘ಅಮ್ಮ’, ‘ಅಕ್ಕ’ ದುಡಿಯುವವರ ಹೆಸರಿಗೂ ಸೇರಿದವು. ಮಂತ್ರಿಯಾಗಿದ್ದ ಬಸವಣ್ಣನವರು ಮಾದಾರ ಚೆನ್ನಯ್ಯ, ಡೋಹರ ಕಕ್ಕಯ್ಯನವರನ್ನು ತಮ್ಮ ಹಿರಿಯರೆಂದು ಹೇಳಿಕೊಂಡರು. ಸ್ವರ್ಗ ನರಕಗಳು ನಾವು ಇನ್ನೊಬ್ಬರನ್ನು ಕರೆಯುವ ರೀತಿಯಲ್ಲೇ ಇವೆ ಎಂಬ ಅರ್ಥದ ಅವರ ವಚನ ಇಂದಿಗೂ ಮನೆಮಾತು.

ಆಗ ಇಂಡಿ ತಾಲ್ಲೂಕಿನಲ್ಲಿದ್ದ ಹಲಸಂಗಿಯಲ್ಲಿ ಕಳೆದ ಶತಮಾನದಲ್ಲಿ ಈ ದಾರಿಯ ಇನ್ನೊಂದು ಕವಲು ಕಂಡಿತು. ಜನಪದ ಹಾಡುಗಳನ್ನು ಸಂಗ್ರಹಿಸಿದ ಮಧುರಚೆನ್ನ, ಸಿಂಪಿ ಲಿಂಗಣ್ಣ, ಧೂಲಾಸಾಹೇಬ ಮೊದಲಾದವರಲ್ಲಿ ಒಬ್ಬರ ಹೆಸರಿನಲ್ಲಿ ‘ಅಣ್ಣ’ ಇತ್ತು, ಇನ್ನೊಬ್ಬರ ಹೆಸರಿನಲ್ಲಿ ‘ಸಾಹೇಬ’ ಇತ್ತು. ನಾಡು ಅವರನ್ನು ಗುರುತಿಸಿದ್ದು ಹಲಸಂಗಿ ಗೆಳೆಯರು ಎಂಬ ಒಂದೇ ಹೆಸರಿನಿಂದ.

ಎರಡು ಆಕ್ಷೇಪಗಳು

ಎಲ್ಲರಿಗೂ ‘ಅಯ್ಯ’ ಎಂದರೆ ಆ ಮಾತಿಗೆ ಬೆಲೆ ಉಳಿಯುತ್ತದೆಯೇ ಎಂದು ಕೇಳಬಹುದು. ಅಭಾವದಿಂದ ಬೆಲೆ ಏರುವುದು ಮೆಚ್ಚುಗೆಗೆ, ಮನ್ನಣೆಗಲ್ಲ. ಮತದಾನದ ಹಕ್ಕು ಎಲ್ಲರಿಗೂ ಇದೆಯೆಂದು ಯಾರ ಮತವೂ ಹಗುರವಾಗಿಲ್ಲ. ಒಬ್ಬರ ವಿದ್ವತ್ತನ್ನು, ಕಸುಬಿನ ನೈಪುಣ್ಯವನ್ನು ಮೆಚ್ಚಲು ಬೇರೆ ಮಾತುಗಳಿವೆ. ಅದಕ್ಕಾಗಿ ಇನ್ನೊಬ್ಬರನ್ನು ‘ಏ’ ಎನ್ನಬೇಕಾಗಿಲ್ಲ.

ಎರಡನೆಯ ಆಕ್ಷೇಪಕ್ಕೆ ಹೆಚ್ಚು ತೂಕವಿದೆ. ಬರಿಯ ಮಾತಿನ ಮರ್ಯಾದೆಯಿಂದ ಹೊಟ್ಟೆ ತುಂಬುವುದಿಲ್ಲ. ಕೂಲಿಯವರನ್ನು ‘ಬರ್ರಿ’ ಎಂದು ಕರೆದು ಕೂಲಿ ಕಡಿಮೆ ಕೊಟ್ಟರೆ ಅದು ಜಾಣತನ, ಗೌರವವಲ್ಲ. ಊರ ತುಂಬ ಫ್ಲೆಕ್ಸ್ ಹಾಕಿಸಿಕೊಂಡು ‘ಅಣ್ಣ’ ಎನಿಸಿಕೊಳ್ಳುವ ಪುಢಾರಿಗಳು ಬಸವಣ್ಣನವರಿಗಿಂತ ಟರ್ಕಿಯ ಆಗಾಗಳಿಗೆ ಹತ್ತಿರದವರು. ಶರಣರಿಗೆ ಇದು ಗೊತ್ತಿತ್ತು. ಅವರು ‘ಅಯ್ಯ’ನ ಜೊತೆಗೆ ಕಾಯಕ, ದಾಸೋಹಗಳನ್ನೂ ತಂದರು. ಚರ್ಮದ ಕೆಲಸದ ಹರಳಯ್ಯ ಮತ್ತು ಬ್ರಾಹ್ಮಣರಾಗಿ ಹುಟ್ಟಿದ ಮಧುವರಸರ ಮಕ್ಕಳ ಮದುವೆಯಿಂದ ಕಲ್ಯಾಣ ಹೊತ್ತಿ ಉರಿಯಿತು ಎಂದು ಪರಂಪರೆ ಹೇಳುತ್ತದೆ. ‘ಅಯ್ಯ’ ಎಂದು ಕರೆದದ್ದನ್ನು ತಾಳಿಕೊಂಡ ಸಮಾಜ ಬೀಗರಾದದ್ದನ್ನು ತಾಳಿಕೊಳ್ಳಲಿಲ್ಲ.

ಆದರೂ ಮಾತನ್ನು ಕ್ಷುಲ್ಲಕವೆಂದು ಬದಿಗಿಡುವಂತಿಲ್ಲ. ಕೂಲಿ, ಹೊಲ, ಕಾನೂನು ಬದಲಾಗಲು ಹತ್ತಾರು ಜನ ಬೇಕು. ಕರೆಯುವ ಬಗೆ ಬದಲಾಗಲು ನಾವೊಬ್ಬರೇ ಸಾಕು. ಯಾರ ಗೌರವ ನಿಜವಾದದ್ದು ಎಂದು ತಿಳಿಯಲು ಅವರು ಸಾಹೇಬರನ್ನು ಹೇಗೆ ಕರೆಯುತ್ತಾರೆಂದು ನೋಡಬೇಡಿ, ತಮಗೆ ಎದುರು ಮಾತಾಡಲಾರದವರನ್ನು ಹೇಗೆ ಕರೆಯುತ್ತಾರೆಂದು ನೋಡಿ. ಹೊಲಕ್ಕೆ ಬರುವ ಆಳುಗಳನ್ನು, ಓಣಿಯ ಕಸ ಒಯ್ಯುವವರನ್ನು, ಹೋಟೆಲಿನಲ್ಲಿ ಮೇಜು ಒರೆಸುವ ಹಿರಿಯರನ್ನು ಹೆಸರು ಹಿಡಿದು, ‘ರೀ’ ಸೇರಿಸಿ ಕರೆಯಿರಿ. ನಿಮ್ಮ ಮಕ್ಕಳಿಗೂ ಹಾಗೆಯೇ ಕರೆಯಲು ಕಲಿಸಿರಿ.