ಮುಂದಿನ ವಾಯಿದೆಯವರೆಗೆ

ನ್ಯಾಯಾಧೀಶರು ತಪ್ಪು ತೀರ್ಪು ಕೊಟ್ಟರೆ ಅದನ್ನು ಅನ್ಯಾಯ ಎನ್ನುತ್ತೇವೆ. ಏನನ್ನೂ ಹೇಳದೆ ಮುಂದೂಡಿದರೆ? ಬರೀ ವಿಳಂಬ ಎಂದು ಸುಮ್ಮನಾಗುತ್ತೇವೆ. ತಾತ್ಕಾಲಿಕ ತಡೆಯಾಜ್ಞೆಯ ಅರ್ಜಿಗಳಲ್ಲಿ ಈ ವ್ಯತ್ಯಾಸ ನಿಲ್ಲುವುದಿಲ್ಲ ಎಂದೇ ನನಗೆ ಅನ್ನಿಸುತ್ತದೆ.

ಎರಡು ಅಡಿಕೆ ತೋಟಗಳ ನಡುವೆ ಗಡಿ ತಕರಾರು ಇದೆ ಎಂದುಕೊಳ್ಳಿ. ಗಡಿಯಂಚಿನ ಮರಗಳನ್ನು ಕಡಿಸಲು ಒಬ್ಬರು ಸಿದ್ಧರಾಗಿದ್ದಾರೆ. ಇನ್ನೊಬ್ಬರು ದಾವೆ ಹೂಡಿ, ಅದು ಮುಗಿಯುವತನಕ ಕಡಿಯದಂತೆ ತಡೆಯಿರಿ ಎನ್ನುತ್ತಾರೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ಬರುವ ಇಂಥ ಅರ್ಜಿಯಲ್ಲಿ ನ್ಯಾಯಾಲಯ ಮೂರು ಸಂಗತಿ ತೂಗುತ್ತದೆ: ಅರ್ಜಿದಾರರ ವಾದದಲ್ಲಿ ಮೇಲ್ನೋಟಕ್ಕೆ ಹುರುಳಿದೆಯೇ, ತಡೆ ಕೊಟ್ಟರೆ ಹೆಚ್ಚು ತೊಂದರೆಯೋ ಕೊಡದಿದ್ದರೋ, ಆಗುವ ನಷ್ಟ ಹಣದಿಂದ ತುಂಬುವಂಥದ್ದೇ. ನೋಟಿಸ್, ಆಕ್ಷೇಪಣೆ, ವಾಯಿದೆ, ಮತ್ತೊಂದು ವಾಯಿದೆ. ಅಷ್ಟರಲ್ಲಿ ಮರಗಳು ಉರುಳಿದರೆ ಮೂರೂ ಪ್ರಶ್ನೆಗಳಿಗೆ ಕೊಡಲಿಯೇ ಉತ್ತರ ಕೊಟ್ಟಂತಾಯಿತು. ತಪ್ಪು ಆದೇಶವಾದರೆ ಮೇಲ್ಮನವಿ ಹೋಗಬಹುದು. ಆದೇಶವೇ ಇಲ್ಲದಾಗ ಯಾವುದರ ಮೇಲೆ ಹೋಗುವುದು?

ಈ ಮಾತು ತಿರುಗಿಯೂ ನಿಜ. ಎದುರು ಪಕ್ಷವನ್ನು ಕೇಳದೆಯೇ ತಡೆಯಾಜ್ಞೆ ಸಿಕ್ಕಿದ್ದರೆ, ಪ್ರತಿ ಮುಂದೂಡಿಕೆಯೂ ಅರ್ಜಿದಾರರಿಗೇ ಲಾಭ. ಅಂಥಲ್ಲಿ 30 ದಿನಗಳೊಳಗೆ ಅರ್ಜಿಯನ್ನು ಇತ್ಯರ್ಥಪಡಿಸಲು ಪ್ರಯತ್ನಿಸಬೇಕು, ಆಗದಿದ್ದರೆ ಕಾರಣ ಬರೆದಿಡಬೇಕು ಎನ್ನುತ್ತದೆ ಅದೇ ಆದೇಶದ 3ಎ ನಿಯಮ. ತಡೆ ಸಿಗದೆ ಕಾಯುತ್ತಿರುವವರಿಗೆ ಆ ನಿಯಮದಲ್ಲಿ ಗಡುವಿಲ್ಲ.

ಹಾಗಾದರೆ ಎಲ್ಲವನ್ನೂ ಕ್ಯಾಲೆಂಡರಿಗೆ ಒಪ್ಪಿಸಿಬಿಡೋಣವೇ? ವಿಚಾರಣೆಗಳಿಗೆ ಕೊಟ್ಟ ತಡೆ, ವಿಸ್ತರಿಸದಿದ್ದರೆ, ಆರು ತಿಂಗಳಿಗೆ ತಾನಾಗಿ ತೆರವಾಗುತ್ತದೆ ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. 2024ರಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಅದನ್ನು ತಳ್ಳಿಹಾಕಿತು. ನ್ಯಾಯಾಲಯ ಮಾಡಿದ ತಡಕ್ಕೆ ಕಕ್ಷಿದಾರರು ಬೆಲೆ ತೆರಬಾರದಲ್ಲ! ಇಲ್ಲಿಯೂ ತೂಗಿ ನೋಡದೆ ಒಬ್ಬರನ್ನು ಸೋಲಿಸಿದಂತೆಯೇ ಆಗುತ್ತದೆ.

ಬೀದಿ ಜಗಳ ನೋಡುತ್ತ ನಿಂತವರು "ನನಗೇಕೆ" ಎನ್ನಬಹುದೇನೋ. ನ್ಯಾಯಾಲಯ ಹಾಗೆನ್ನಲಾಗದು. ದೊಣ್ಣೆ ಕೆಳಗಿಟ್ಟು ನನ್ನ ಬಳಿ ಬನ್ನಿ ಎಂದು ನಮಗೆ ಹೇಳಿರುವುದೇ ಅದು. ಆ ಮಾತು ನಂಬಿ ಬಂದವರು ಬರಿಗೈಯಲ್ಲಿ ಕಾಯುತ್ತಿರುವಾಗ ಸುಮ್ಮನಿದ್ದರೆ, ದೊಣ್ಣೆ ಇಡದವರ ಪಕ್ಷ ವಹಿಸಿದಂತಾಗುತ್ತದೆ.

ಕಡತಗಳ ರಾಶಿ ಸುಳ್ಳಲ್ಲ. ಎರಡೂ ಕಡೆಯವರನ್ನು ಕೇಳದೆ ನ್ಯಾಯವೂ ಇಲ್ಲ. ಆತುರದ ತೀರ್ಪು ಬೇಕೆಂದು ನಾನು ಹೇಳುತ್ತಿಲ್ಲ. ಮುಂದಿನ ವಾಯಿದೆ ಕೊಡುವಾಗ, ಅಲ್ಲಿಯತನಕ ಮರಗಳು ನಿಲ್ಲಬೇಕೇ ಬೇಡವೇ, ಏಕೆ ಎಂದು ಎರಡು ಸಾಲು ಬರೆದರೆ ಸಾಕು. ಆ ಸಾಲುಗಳು ತಪ್ಪಾಗಿದ್ದರೂ ಅವನ್ನು ಪ್ರಶ್ನಿಸಲು ದಾರಿಯಿರುತ್ತದೆ.