ಗೀತೆ ಯಾರ ಪರ ಸಾಕ್ಷಿ?

ಚೆನ್ನೈನ ಅಡ್ಯಾರ್ ಗ್ರಂಥಾಲಯವನ್ನು 1886ರಲ್ಲಿ ಸ್ಥಾಪಿಸಿದ ಥಿಯಾಸಫಿಸ್ಟ್ ಕರ್ನಲ್ ಆಲ್ಕಾಟ್, ಅದಕ್ಕೂ ಮುಂಚೆ ಅಮೆರಿಕದ ಅಂತರ್ಯುದ್ಧದಲ್ಲಿ ಸೇನೆಯನ್ನು ವಂಚಿಸಿದವರ ಬೆನ್ನು ಹತ್ತಿದವನು; ಲಿಂಕನ್ ಕೊಲೆಯ ತನಿಖೆಯಲ್ಲೂ ಇದ್ದವನು. ನನ್ನದೂ ಅಪರಾಧಗಳ ನಡುವಿನ ಕೆಲಸವೇ: ಮೈಸೂರು ಬಿಟ್ಟು ಚೆನ್ನೈಯಲ್ಲಿ ನೆಲೆಸಿದ ಕ್ರಿಮಿನಲ್ ವಕೀಲ ನಾನು. ‘ನನ್ನ ಡ್ಯೂಟಿ ಮಾಡಿದೆ ಸ್ವಾಮಿ’ ಎನ್ನುವ ಆರೋಪಿಗಳನ್ನು ಬೇಕಾದಷ್ಟು ಕಂಡಿದ್ದೇನೆ. ಕರ್ತವ್ಯ ಮಾಡು ಎನ್ನುವ ಗೀತೆ ಅವರ ಪರ ಸಾಕ್ಷಿ ಹೇಳುತ್ತದೆಯೇ? ಆತ್ಮ ಕೊಲ್ಲುವುದೂ ಇಲ್ಲ, ಸಾಯುವುದೂ ಇಲ್ಲ ಎಂದು ಕೃಷ್ಣ ಹೇಳಿದ್ದು ಬಿಲ್ಲು ಕೆಳಗಿಟ್ಟು ನಡುಗುತ್ತಿದ್ದ ಅರ್ಜುನನಿಗೆ. ಕೊಂದು ಬಂದು ಕೈತೊಳೆಯುವವನಿಗಲ್ಲ. ಮಹಾಭಾರತದ ಸ್ತ್ರೀಪರ್ವದಲ್ಲಿ, ಯುದ್ಧ ಮುಗಿದ ಮೇಲೆ, ಮಕ್ಕಳನ್ನು ಕಳೆದುಕೊಂಡ ಕೌರವರ ತಾಯಿ ಗಾಂಧಾರಿ ಆ ಕೃಷ್ಣನನ್ನೇ ಹೊಣೆಮಾಡಿ ಶಪಿಸುತ್ತಾಳೆ. ಅವನು ಶಾಪವನ್ನು ತಳ್ಳಿಹಾಕುವುದಿಲ್ಲ. ಭೈರಪ್ಪನವರ ‘ಪರ್ವ’ (1979) ಕಾದಂಬರಿಯಂತೂ ಆ ಕಥೆಯ ಪವಾಡಗಳನ್ನೆಲ್ಲ ಕಳಚಿ ಹೆಣಗಳ ನಾತವನ್ನೇ ಮೂಗಿಗೆ ಹಿಡಿಯುತ್ತದೆ. ಗೀತೆಯನ್ನು ಪಾರಾಯಣ ಮಾಡುವವರು ದಯವಿಟ್ಟು ಸ್ತ್ರೀಪರ್ವವನ್ನೂ ಓದಿ.